ಹಾಸನದ ಸಾವು ಎಣಿಸಿದೆವು, ಹೋಲಿಸುವುದನ್ನು ಮರೆತೆವು

2025ರ ಜೂನ್ ಕೊನೆಯಲ್ಲಿ ನನ್ನ ಫೋನಿಗೆ ದಿನವೂ ಒಂದೇ ಪ್ರಶ್ನೆ: "ಹಾಸನದಲ್ಲಿ ಇಷ್ಟಾಯ್ತು, ನಿಮ್ಮ ಚನ್ನಪಟ್ಟಣ, ಮಾಗಡಿ ಕಡೆ ಎಷ್ಟು?" ಹಾರ್ಟ್ ಅಟ್ಯಾಕ್ ಸಾವು ಎಣಿಸಿ ಕಳಿಸಿದೆ. ಈ ತಪ್ಪಿನಲ್ಲಿ ನನ್ನ ಪಾಲೂ ಇದೆ.

ಎಣಿಕೆ ಮುಗಿಯುವ ಮುಂಚೆಯೇ ಕಾರಣ ತಯಾರಾಗಿತ್ತು: ಕೋವಿಡ್ ಲಸಿಕೆ. ಆತುರದಲ್ಲಿ ಲಸಿಕೆಗೆ ಒಪ್ಪಿಗೆ ಕೊಟ್ಟದ್ದೂ ಕಾರಣವಿರಬಹುದು ಎಂದು ಜುಲೈ 1ರಂದು ಮುಖ್ಯಮಂತ್ರಿ ಸಿದ್ದರಾಮಯ್ಯನವರೇ ಹೇಳಿದರು. ಹೆದರಿದ ಜನ ಜಯದೇವ ಆಸ್ಪತ್ರೆ ಮುಂದೆ ಕ್ಯೂ ನಿಂತರು. ಆಮೇಲೆ ತಜ್ಞರ ಸಮಿತಿ 24 ಸಾವುಗಳನ್ನು ಒಂದೊಂದಾಗಿ ನೋಡಿತು. ಅದರಲ್ಲಿ ನಾಲ್ಕು ಹೃದಯದ ಸಾವೇ ಅಲ್ಲ!

"ಸತ್ತವರೆಲ್ಲ ಲಸಿಕೆ ಹಾಕಿಸಿಕೊಂಡವರು" ಅನ್ನುತ್ತೀರಿ. ಬದುಕಿರುವ ನಾವೂ ಹಾಕಿಸಿಕೊಂಡಿದ್ದೇವಲ್ಲ? ಅವರು ಮುದ್ದೆಯನ್ನೂ ಉಂಡಿದ್ದರು. ಮುದ್ದೆ ಕೊಂದಿತೇ?

ಕನಕಪುರದ ಯಾವುದಾದರೂ ಹಳ್ಳಿಯಲ್ಲಿ ಒಂದು ದಿನ ರೇಷ್ಮೆಹುಳದ ಮನೆಗಳನ್ನೆಲ್ಲ ನೋಡಿ ಬನ್ನಿ. ರೋಗ ಬಿದ್ದ ಮನೆಯಲ್ಲಿ ಸುಣ್ಣದ ಪುಡಿ ಜಾಸ್ತಿ ಕಂಡಿತು ಅಂತಿಟ್ಟುಕೊಳ್ಳಿ. ಪುಡಿಯಿಂದ ರೋಗ ಬಂತೇ, ರೋಗ ಬಂದದ್ದಕ್ಕೆ ಪುಡಿ ಹಾಕಿದರೇ? ಒಂದು ದಿನದ ನೋಟ ಅದನ್ನು ಹೇಳುವುದಿಲ್ಲ. ಹೀಗೆ ಒಂದೇ ಹೊತ್ತಿನಲ್ಲಿ ನೋಡಿ ಬರೆಯುವುದಕ್ಕೆ ಕ್ರಾಸ್ ಸೆಕ್ಷನಲ್ ಅಧ್ಯಯನ ಎನ್ನುತ್ತಾರೆ. ಊರಲ್ಲಿ ಎಷ್ಟು ಜನಕ್ಕೆ ಬಿಪಿ ಇದೆ ಎಂದು ತಿಳಿಯಲು ಅದು ಬೇಕೇ ಬೇಕು. ಯಾವುದರಿಂದ ಯಾವುದು ಬಂತು ಎನ್ನಲು ಸಾಲದು.

ಸಾಕ್ಷ್ಯಕ್ಕೂ ಮೆಟ್ಟಿಲುಗಳಿವೆ. ತೀರ ಕೆಳಗೆ "ನಮ್ಮೂರಲ್ಲಿ ಒಬ್ಬರು ಹೋದರು" ಎಂಬ ಸುದ್ದಿ. ಎರಡನೆಯದು ಒಂದು ಹೊತ್ತಿನ ಸಮೀಕ್ಷೆ. ಮೂರನೆಯದು ಸತ್ತವರನ್ನು ಬದುಕಿರುವವರ ಜೊತೆ ಹೋಲಿಸುವುದು. ಅದಕ್ಕಿಂತ ಮೇಲೆ, ಜನರನ್ನು ವರ್ಷಗಟ್ಟಲೆ ಗಮನಿಸುವುದು. ಅದಕ್ಕೂ ಮೇಲೆ, ಚೀಟಿ ಎತ್ತಿದ ಹಾಗೆ ಎರಡು ಗುಂಪು ಮಾಡಿ ಪರೀಕ್ಷಿಸುವುದು.

ನಾವು ನಿಂತದ್ದು ಕೆಳಗಿನ ಮೆಟ್ಟಿಲಲ್ಲಿ. ಐಸಿಎಂಆರ್ 2023ರಲ್ಲೇ ಮೂರನೆಯದಕ್ಕೆ ಹತ್ತಿತ್ತು. ಹಠಾತ್ತಾಗಿ ಸತ್ತ 18ರಿಂದ 45 ವರ್ಷದ 729 ಜನರನ್ನು, ಅದೇ ವಯಸ್ಸಿನ, ಅದೇ ಊರು-ಕೇರಿಯ 2,916 ಜನರ ಜೊತೆ ಹೋಲಿಸಿತ್ತು. ಲಸಿಕೆಯಿಂದ ಅಪಾಯ ಹೆಚ್ಚಿದ್ದು ಕಾಣಲಿಲ್ಲ. ಕೋವಿಡ್‌ನಿಂದ ಆಸ್ಪತ್ರೆ ಸೇರಿದ್ದವರಲ್ಲಿ, ಮನೆತನದಲ್ಲಿ ಹಠಾತ್ ಸಾವು ಕಂಡವರಲ್ಲಿ, ಹಿಂದಿನ ಎರಡು ದಿನದಲ್ಲಿ ವಿಪರೀತ ಕುಡಿದವರಲ್ಲಿ ಅಪಾಯ ಹೆಚ್ಚಿತ್ತು. ಹಾಸನದ ಗದ್ದಲಕ್ಕೆ ಮೊದಲೇ ಇದು ಅಚ್ಚಾಗಿತ್ತು. ಪತ್ರಕರ್ತರಾದ ನಾವು ತೆರೆದು ಓದಲಿಲ್ಲ.

ಲಸಿಕೆಯನ್ನು ಬೈಯುತ್ತಾ ಬಿಪಿ ಮಾತ್ರೆ ಬಿಟ್ಟವನ ಜೀವಕ್ಕೆ ಹೊಣೆ ಯಾರು? ಮುಂದಿನ ಫಾರ್ವರ್ಡ್ ಬಂದಾಗ ಒಂದೇ ಮಾತು ಕೇಳಿ: "ಯಾರ ಜೊತೆ ಹೋಲಿಸಿದಿರಿ?" ಉತ್ತರ ಸಿಗದಿದ್ದರೆ ಅದನ್ನು ಅಲ್ಲೇ ನಿಲ್ಲಿಸಿ. ಕಳಿಸಿದವನು ನಾನೇ ಆಗಿದ್ದರೂ ಸರಿ.