ಎರಡೂ ಕಡೆಯ ಮಾತು ಕೇಳೋಣ



ಕೇರಳದ ವಯನಾಡು ಜಿಲ್ಲೆಯ ಮುಳ್ಳನ್ಕೊಲ್ಲಿ ನಮ್ಮ ಗಡಿಗೆ ಅಂಟಿಕೊಂಡ ಊರು. ಅಲ್ಲಿನ ಪೆರಿಕ್ಕಲ್ಲೂರು ಕಡವಿನಲ್ಲಿ ದೋಣಿ ಹತ್ತಿದರೆ ಆಚೆ ದಡದಲ್ಲಿ ಎಚ್.ಡಿ. ಕೋಟೆ ತಾಲ್ಲೂಕಿನ ಬೈರಕುಪ್ಪೆ. ನಡುವೆ ಹರಿಯುವುದು ಕಬಿನಿ. ಹೊಳೆ ಪಕ್ಕದಲ್ಲಿದ್ದೂ ಬೇಸಿಗೆಯಲ್ಲಿ ಕಾಳುಮೆಣಸಿನ ಬಳ್ಳಿ ಒಣಗುವುದನ್ನು ಈ ಊರು ಕಂಡಿದೆ. ನೀರು ಕಡಿಮೆಯಾದಲ್ಲಿ ತಕರಾರು ಹೆಚ್ಚುತ್ತದೆ. ಬಾವಿ ಯಾರದು, ಬದು ಎಲ್ಲಿಗೆ, ಜಮೀನು ಯಾರದು? ತೀರ್ಮಾನಿಸುವ ಮುನ್ನ ಇಬ್ಬರ ಮಾತನ್ನೂ ಕೇಳುತ್ತೇವೆಯೇ ಎಂಬುದೇ ಈ ತಿಂಗಳ ನಮ್ಮ ಚಿಂತನೆ.

ಕಬಿನಿಯೂ ಸೇರಿದ ಕಾವೇರಿ ವ್ಯಾಜ್ಯ ನಮಗೊಂದು ಪಾಠ ಕಲಿಸಿದೆ. 1991ರ ಜೂನ್‌ನಲ್ಲಿ ನ್ಯಾಯಮಂಡಳಿ ಮಧ್ಯಂತರ ಆದೇಶ ನೀಡಿತು. ಒಪ್ಪದ ಕರ್ನಾಟಕ ಸರ್ಕಾರ ಜುಲೈನಲ್ಲಿ ಸುಗ್ರೀವಾಜ್ಞೆ ಹೊರಡಿಸಿತು. ತನ್ನ ವ್ಯಾಜ್ಯಕ್ಕೆ ತಾನೇ ನ್ಯಾಯಾಧೀಶನಾಗುವುದು ಸಲ್ಲದೆಂದು ಸುಪ್ರೀಂ ಕೋರ್ಟು ನವೆಂಬರ್‌ನಲ್ಲಿ ಅಭಿಪ್ರಾಯಪಟ್ಟಿತು. ಕನ್ನಡಿಗರಾದ ನಮಗೆ ಅದು ಕಹಿ. ಆದರೂ ನ್ಯಾಯವಾದ ಮಾತು. ಎಲ್ಲರ ವಾದ ಆಲಿಸಿದ ನ್ಯಾಯಮಂಡಳಿ 2007ರ ಅಂತಿಮ ತೀರ್ಪಿನಲ್ಲಿ ಕೇರಳಕ್ಕೆ 30 ಟಿಎಂಸಿ ಕೊಟ್ಟಿತು. ಅದರಲ್ಲಿ 21 ಕಬಿನಿಯ ಪಾಲು. ಪುಟ್ಟ ಪುದುಚೇರಿಗೂ 7 ಟಿಎಂಸಿ ಸಿಕ್ಕಿತು. 2018ರಲ್ಲಿ ಸುಪ್ರೀಂ ಕೋರ್ಟು ಕರ್ನಾಟಕದ ಪಾಲನ್ನು 14.75 ಟಿಎಂಸಿ ಹೆಚ್ಚಿಸಿದಾಗಲೂ ಆ ಚಿಕ್ಕ ಪಾಲುಗಳಿಗೆ ಕೈ ಹಾಕಲಿಲ್ಲ.

ಜಮೀನಿನ ಕಥೆ ಇನ್ನೂ ಕಠಿಣ. ಕಳೆದ ಶತಮಾನದ ಮಧ್ಯದಲ್ಲಿ ತಿರುವಾಂಕೂರಿನಿಂದ ವಲಸೆ ಬಂದ ಅನೇಕ ಕ್ರೈಸ್ತ ಕುಟುಂಬಗಳು ವಯನಾಡಿನಲ್ಲಿ ಬೆವರು ಸುರಿಸಿ ತೋಟ ಕಟ್ಟಿದವು. ಅವರಿಗಿಂತ ಮೊದಲೇ ಪಣಿಯ, ಕಾಟ್ಟುನಾಯ್ಕ ಜನರು ಕಾಗದಪತ್ರವಿಲ್ಲದೆ ಅಲ್ಲಿ ಬಾಳಿದ್ದರು. ಆದಿವಾಸಿಗಳ ಕೈತಪ್ಪಿದ ಜಮೀನನ್ನು ಮರಳಿಸಲು ಕೇರಳ 1975ರಲ್ಲಿ ಕಾನೂನು ಮಾಡಿತು. ಅದು ವರ್ಷಗಟ್ಟಲೆ ಜಾರಿಯಾಗಲಿಲ್ಲ. 1999ರ ಕಾನೂನು, 2 ಹೆಕ್ಟೇರಿನೊಳಗಿನ ಕೃಷಿ ಜಮೀನು ಹಿಡುವಳಿದಾರರಲ್ಲೇ ಉಳಿಯಲಿ, ಆದಿವಾಸಿಗೆ ಬದಲಿ ಜಮೀನು ಸಿಗಲಿ ಎಂದಿತು. ಎರಡೂ ಕಡೆ ಬಡವರೇ ಇರುವಾಗ ಕೂಗಾಡುವವರ ಮಾತಷ್ಟೇ ಕೇಳಿದರೆ ಸಾಲದು.

ಪವಿತ್ರ ಗ್ರಂಥ ಎರಡು ಬಗೆಯ ವಿಚಾರಣೆಗಳನ್ನು ನಮ್ಮ ಮುಂದಿಡುತ್ತದೆ. ನಾಬೋತನ ದ್ರಾಕ್ಷಿತೋಟಕ್ಕಾಗಿ ಈಜೆಬೆಲಳು ಸಭೆ ಕರೆಸಿದಳು, ಸಾಕ್ಷಿಗಳನ್ನೂ ನಿಲ್ಲಿಸಿದಳು. ಆದರೆ ತೀರ್ಪು ಮೊದಲೇ ಸಿದ್ಧವಾಗಿತ್ತು, ಸಾಕ್ಷಿ ಸುಳ್ಳಾಗಿತ್ತು. ಇನ್ನೊಂದೆಡೆ, ಸಂಖ್ಯಾಕಾಂಡದಲ್ಲಿ ಚೆಲೋಫಾದನ ಐವರು ಹೆಣ್ಣುಮಕ್ಕಳು ತಂದೆಯ ಆಸ್ತಿಯಲ್ಲಿ ಪಾಲು ಕೇಳಿ ಇಡೀ ಸಭೆಯ ಮುಂದೆ ನಿಂತರು. ಮೋಶೆ ಅವರನ್ನು ಗದರಿಸಿ ಕಳಿಸಲಿಲ್ಲ; ಅವರ ಅಹವಾಲನ್ನು ದೇವರ ಮುಂದಿಟ್ಟ. ಅವರ ಮಾತು ಸರಿಯೆಂದು ದೇವರೇ ಹೇಳಿದರು.

ನಮ್ಮ ಕಾನೂನೂ ಇದೇ ದಾರಿ ಹಿಡಿದಿದೆ. ಸರ್ಕಾರ ಯೋಜನೆಗಾಗಿ ಜಮೀನು ಕೇಳಿದರೆ, 2013ರ ಭೂಸ್ವಾಧೀನ ಕಾಯ್ದೆಯಂತೆ ಪ್ರಾಥಮಿಕ ಅಧಿಸೂಚನೆಯಾದ 60 ದಿನಗಳೊಳಗೆ ಲಿಖಿತ ಆಕ್ಷೇಪಣೆ ಕೊಡಬಹುದು. ಖುದ್ದಾಗಿ ಹೇಳಿಕೊಳ್ಳಲೂ ಅವಕಾಶವಿದೆ. 2006ರ ಅರಣ್ಯ ಹಕ್ಕು ಕಾಯ್ದೆಯಡಿ ಊರ ಹಿರಿಯರ ಹೇಳಿಕೆಯನ್ನು ಬರೆದುಕೊಂಡರೆ ಅದೂ ಸಾಕ್ಷ್ಯ. ಗ್ರಾಮಸಭೆಯ ನಿರ್ಣಯ ಒಪ್ಪಿಗೆಯಾಗದಿದ್ದರೆ 60 ದಿನಗಳಲ್ಲಿ ಉಪವಿಭಾಗ ಸಮಿತಿಗೆ ಮೇಲ್ಮನವಿ ಸಲ್ಲಿಸಬಹುದು. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ನೋಡದೆ ಉಚಿತ ವಕೀಲರ ನೆರವುಂಟು.

ಆದ್ದರಿಂದ ನೋಟಿಸು ಬಂದರೆ ಹೆದರಿ ಮೂಲೆಗಿಡಬೇಡಿ. ದಿನಾಂಕ ನೋಡಿ, ಉತ್ತರವನ್ನು ಬರೆದೇ ಕೊಡಿ, ಸ್ವೀಕೃತಿ ಪಡೆಯಿರಿ. ಓದಲು ಬಾರದ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಡಿ. ಆದೇಶವಾದರೆ ಅದರ ಪ್ರತಿಯನ್ನೂ ಕಾರಣವನ್ನೂ ಕೇಳಿ.

ನಮ್ಮ ಧರ್ಮಕೇಂದ್ರದಲ್ಲೂ ಹಿರಿಯರು ಕೂತು ಬದುವಿನ ಜಗಳ, ಬಾವಿಯ ಜಗಳ ಬಿಡಿಸುವುದುಂಟು. ಅದು ಒಳ್ಳೆಯ ಕೆಲಸ. ಆದರೆ ಕಕ್ಷಿದಾರರ ನೆಂಟನು ತೀರ್ಪು ಹೇಳುವ ಜಾಗದಲ್ಲಿ ಕೂರದಿರಲಿ. ಹಣವಿದ್ದವರ ಮನೆಯಲ್ಲಿ ಪಂಚಾಯಿತಿ ಸೇರದಿರಲಿ. ವಿಧವೆಯ ಮಾತನ್ನು ಅವಳ ಮೈದುನನಿಂದ ಕೇಳದೆ ಅವಳಿಂದಲೇ ಕೇಳೋಣ. ಕೂಲಿಯಾಳಿಗೂ ಕುರ್ಚಿ ಕೊಡೋಣ. ಸೋತವನೂ 'ನನ್ನ ಮಾತು ಕೇಳಿದರು' ಎಂದುಕೊಂಡು ಮನೆಗೆ ಹೋಗುವಂತಾದರೆ, ಮುಂದಿನ ಭಾನುವಾರದ ಬಲಿಪೂಜೆಯಲ್ಲಿ ಇಬ್ಬರೂ ಒಬ್ಬರಿಗೊಬ್ಬರು ಶಾಂತಿ ಕೋರಬಲ್ಲರು.