ಯಂತ್ರಕ್ಕೆ ಎರಡು ಅರ್ಥ



ಕನ್ನಡದಲ್ಲಿ 'ಯಂತ್ರ' ಅನ್ನೋ ಪದಕ್ಕೆ ಎರಡು ಅರ್ಥ. ಒಂದು, ನೀರೆತ್ತುವ, ಬಟ್ಟೆ ನೇಯುವ, ರಾಗಿ ಬೀಸುವ ಮೆಷಿನ್ನು. ಇನ್ನೊಂದು, ಮಂತ್ರವಾದಿ ತಾಮ್ರದ ತಗಡಿನ ಮೇಲೆ ಗೀಚಿ ದಾರಕ್ಕೆ ಕಟ್ಟಿಕೊಡೋದು. ಈ ಎರಡನ್ನೂ ಬೆರೆಸಿ ಒಂದು ಸಂಶೋಧನಾ ಜರ್ನಲ್ ತಂದ್ರೆ ಹೇಗಿರುತ್ತೆ? ಮಾಟ ಮತ್ತು ಎಂಜಿನಿಯರಿಂಗ್ ಎರಡೂ ಒಂದೇ ರಟ್ಟಿನೊಳಗೆ. ತಮಾಷೆಗೆ ಅಂತ ಪರಿವಿಡಿ ಬರೆಯೋಕೆ ಕೂತೆ. ಬರೀತಾ ಬರೀತಾ ನಗು ನಿಂತುಹೋಯ್ತು. ಯಾಕಂದ್ರೆ ಲೇಖನಗಳನ್ನ ಕಲ್ಪಿಸಿಕೊಳ್ಳೋ ಕಷ್ಟವೇ ಬೀಳಲಿಲ್ಲ, ಎಲ್ಲಾ ಈಗಾಗಲೇ ನಡೆದುಹೋಗಿರೋವೇ.

ಮೊದಲ ಲೇಖನ ನಮ್ಮ ಆನೇಕಲ್ಲಿನಿಂದ. ಅಲ್ಲಿನ ಪಂಡಿತ ಸುಬ್ಬರಾಯ ಶಾಸ್ತ್ರಿಗಳು 1918ರಿಂದ 1923ರವರೆಗೆ, ಇದು ಭರದ್ವಾಜ ಮಹರ್ಷಿಯ ವಿಮಾನ ವಿದ್ಯೆ ಅಂತ ಶ್ಲೋಕಗಳನ್ನ ಹೇಳಿ ಬರೆಸಿದರು. ಬೆಂಗಳೂರಿನ ಎಂಜಿನಿಯರಿಂಗ್ ಕಾಲೇಜಿನ ಡ್ರಾಫ್ಟ್ಸ್‌ಮನ್ ಎಲ್ಲಪ್ಪ ಅವರು ನಕ್ಷೆ ಬರೆದುಕೊಟ್ಟರು. ಅದೇ 'ವೈಮಾನಿಕ ಶಾಸ್ತ್ರ'. 1974ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್.ಎಸ್. ಮುಕುಂದ ಮತ್ತು ನಾಲ್ವರು ಸಂಗಡಿಗರು ಅದನ್ನ ಕೂತು ಓದಿ, ಲೆಕ್ಕ ಹಾಕಿ ನೋಡಿದರು. ಪಠ್ಯ 1904ಕ್ಕಿಂತ ಹಳೇದಲ್ಲ, ಅದರಲ್ಲಿನ ಯಾವ ವಿಮಾನವೂ ಹಾರೋದಿಲ್ಲ ಅಂತ ಬರೆದರು. ಅಲ್ಲಿಗೆ ಮುಗೀಬೇಕಿತ್ತು. ಮುಗೀಲಿಲ್ಲ. 2015ರ ಜನವರಿಯಲ್ಲಿ ಮುಂಬೈನಲ್ಲಿ ನಡೆದ 102ನೇ ಭಾರತೀಯ ವಿಜ್ಞಾನ ಕಾಂಗ್ರೆಸ್‌ನಲ್ಲಿ ಅದೇ ವಿಮಾನ ಮತ್ತೆ ವೇದಿಕೆ ಹತ್ತಿತು. ಆಕಾಶಕ್ಕೆ ಏರದಿದ್ದರೂ ವೇದಿಕೆಗೆ ಏರೋಕೆ ಅದಕ್ಕೆ ಯಾವ ಇಂಧನವೂ ಬೇಕಾಗಲಿಲ್ಲ.

ಎರಡನೇ ಲೇಖನ 2019ರ ಅಕ್ಟೋಬರ್‌ದು. ಫ್ರಾನ್ಸ್‌ನಲ್ಲಿ ಮೊದಲ ರಫೇಲ್ ಯುದ್ಧವಿಮಾನವನ್ನ ಒಪ್ಪಿಸಿಕೊಂಡ ನಮ್ಮ ರಕ್ಷಣಾ ಸಚಿವರು ಅದರ ಚಕ್ರದಡಿ ನಿಂಬೆಹಣ್ಣು ಇಟ್ಟರು. ಜನ ನಕ್ಕರು, ಮೀಮ್ ಮಾಡಿದರು. ನಾನೂ ನಕ್ಕೆ.

ಮೂರನೇ ಲೇಖನಕ್ಕೆ ಬಂದಾಗ ನಗೋಕಾಗಲಿಲ್ಲ. 1927ರ ಮಾರ್ಚ್ 20. ಮಹಾಡದ ಚವದಾರ್ ಕೆರೆಗೆ ಬಾಬಾಸಾಹೇಬರು ನಡೆದುಹೋಗಿ ನೀರು ಕುಡಿದರು. ಹಿಂದೆ ಬಂದ ಸಾವಿರಾರು ಜನ ಕುಡಿದರು. ಆಮೇಲೆ ಸವರ್ಣೀಯರು ಮಾಡಿದ್ದೇನು? 108 ಮಡಕೆ ಸಗಣಿ, ಗಂಜಲ, ಹಾಲು, ಮೊಸರು ಕಲಸಿದ ನೀರನ್ನ ಮಂತ್ರ ಹೇಳಿಸಿ ಕೆರೆಗೆ ಸುರಿಸಿದರು. ಕೆರೆ 'ಶುದ್ಧ' ಆಯ್ತಂತೆ! ದನ ಕುಡಿದಾಗ ಕೆಡದ ನೀರು ಮನುಷ್ಯ ಮುಟ್ಟಿದರೆ ಕೆಡುತ್ತೆ, ಸಗಣಿ ಬಿದ್ದರೆ ಸರಿಯಾಗುತ್ತೆ. ಮಾಟ ಅಂದ್ರೆ ಇದಕ್ಕಿಂತ ಇನ್ನೇನು ಬೇಕು?

ಅದಕ್ಕೇ ಹೇಳ್ತಿದ್ದೀನಿ. ಮೂಢನಂಬಿಕೆ ಅನ್ನೋದು ಕೆಲವರಿಗೆ ಟೀ ಕುಡೀತಾ ನಗೋ ವಿಷಯ ಇರಬಹುದು. ನಮಗಲ್ಲ. ಜಾತಿಯೇ ಈ ದೇಶದ ಅತಿ ದೊಡ್ಡ ಮಾಟ. ಅದಕ್ಕೆ ಕೊಳಾಯಿ ಇದೆ, ಬಾವಿ ಇದೆ, ಬೇರೆ ಲೋಟ ಇದೆ, ಊರಾಚೆ ಕೇರಿಯ ನಕ್ಷೆ ಇದೆ. ಪಕ್ಕಾ ಎಂಜಿನಿಯರಿಂಗ್!

ಜರ್ನಲ್‌ನ ಕೊನೇ ಪುಟ ಖಾಲಿ ಉಳೀತು. ಅಲ್ಲಿ ಮ್ಯಾನ್‌ಹೋಲ್ ಬಗ್ಗೆ ಲೇಖನ ಇರಬೇಕಿತ್ತು. ಮಲ ಹೊರೋದನ್ನ ನಿಷೇಧಿಸೋ ಕಾನೂನು 1993ರಲ್ಲಿ ಬಂತು. 2013ರಲ್ಲಿ ಇನ್ನೊಂದು ಕಾನೂನು ಬಂತು. 2023ರಲ್ಲಿ ಸುಪ್ರೀಂ ಕೋರ್ಟ್, ಒಳಚರಂಡಿಯಲ್ಲಿ ಸತ್ತವರ ಕುಟುಂಬಕ್ಕೆ 30 ಲಕ್ಷ ಕೊಡಬೇಕು ಅಂತು. ನಮ್ಮ ಕೆಜಿಎಫ್‌ನಲ್ಲಿ ಹುಟ್ಟಿದ ಬೆಜವಾಡ ವಿಲ್ಸನ್ ದಶಕಗಳಿಂದ ಇದನ್ನೇ ಕೂಗಿ ಹೇಳ್ತಿದ್ದಾರೆ. ಗುಂಡಿಯೊಳಗಿನ ವಿಷಗಾಳಿ ಹೆಚ್ಚಾದರೆ ಮೊದಲು ಸಾಯೋದು ಮೂಗು. ವಾಸನೆಯೇ ತಿಳಿಯೋದಿಲ್ಲ, ಆಮೇಲೆ ಉಸಿರು ನಿಲ್ಲುತ್ತೆ. ಇದಕ್ಕೆ ಪರಿಹಾರ ಇಲ್ವಾ? ಇದೆ. ಜೆಟ್ಟಿಂಗ್ ಮೆಷಿನ್ ಇದೆ, ಸಕ್ಕಿಂಗ್ ಮೆಷಿನ್ ಇದೆ. ಕೇರಳದ ಹುಡುಗರು ಮಾಡಿದ ರೋಬೋ 2018ರಲ್ಲೇ ತಿರುವನಂತಪುರದ ಮ್ಯಾನ್‌ಹೋಲ್‌ಗೆ ಇಳೀತು. ಪುಷ್ಪಕ ವಿಮಾನದ ಬಗ್ಗೆ ಭಾಷಣ ಮಾಡೋ ದೇಶಕ್ಕೆ ಇಪ್ಪತ್ತು ಅಡಿ ಗುಂಡಿಗೆ ಮೆಷಿನ್ ಇಳಿಸೋದು ಕಷ್ಟ ಆಗ್ತಿದೆ ಅಂದ್ರೆ ಕೊರತೆ ಇರೋದು ತಂತ್ರಜ್ಞಾನದಲ್ಲಲ್ಲ. ಇಳಿಯೋಕೆ ಒಂದು ಜಾತಿ ಇದೆ ಅನ್ನೋ ಧೈರ್ಯ ಅದು.

ನಮ್ಮವರಿಗೂ ಒಂದು ಮಾತು. ಮಗೂಗೆ ಜ್ವರ ಬಂದ್ರೆ ನಮ್ಮ ಕೇರೀಲೂ ಯಂತ್ರ ಕಟ್ಟಿಸ್ತಾರೆ. ಆಸ್ಪತ್ರೆ ದೂರ, ಮಂತ್ರವಾದಿ ಹತ್ತಿರ, ನಿಜ. ಬೈದು ಪ್ರಯೋಜನ ಇಲ್ಲ. ಆದ್ರೆ ಆ ತಾಯಿ ಜೊತೆ ಆಸ್ಪತ್ರೆಗೆ ಹೋಗೋ ಒಬ್ಬ ಕಾರ್ಯಕರ್ತ ಆದ್ರೂ ಕೇರಿಗೆ ಬೇಕು. ಅವರ ವಿಮಾನಕ್ಕೆ ನಕ್ಕು, ನಮ್ಮ ತಾಯಿತಕ್ಕೆ ಕಣ್ಣು ಮುಚ್ಚಿದ್ರೆ ಆಗಲ್ಲ.

ಈ ಸಲ ಆಯುಧ ಪೂಜೆಗೆ ನಿಮ್ಮ ಪುರಸಭೆಯ ಜೆಟ್ಟಿಂಗ್ ಮೆಷಿನ್‌ಗೂ ಹೂವಿನ ಹಾರ ಹಾಕ್ತಾರೆ, ಬೂದುಗುಂಬಳ ಒಡೀತಾರೆ. ಹಾಕಲಿ. ಹಬ್ಬದ ರಜೆ ಮುಗಿದ ಮೇಲೆ ಹೋಗಿ ಮಾಹಿತಿ ಹಕ್ಕಿನಲ್ಲಿ ಒಂದು ಅರ್ಜಿ ಕೊಡಿ. ಮೂರೇ ಪ್ರಶ್ನೆ: ಎಷ್ಟು ಮೆಷಿನ್ ಇವೆ? ಎಷ್ಟು ಕೆಲಸ ಮಾಡ್ತಿವೆ? ಕಳೆದ ವರ್ಷ ಗುಂಡಿಗೆ ಯಾರನ್ನ ಇಳಿಸಿದ್ರಿ?

ಉತ್ತರ ಬಂದ್ರೆ ಇಲ್ಲಿ ಹಾಕಿ. ಬರದೇ ಇದ್ರೂ ಹಾಕಿ. ಆ ಖಾಲಿ ಪುಟ ನಾವೇ ತುಂಬಿಸೋಣ.

ಜೈ ಭೀಮ್.