ಮಗನ ಚೀಲಕ್ಕೆ ತಕ್ಕಡಿ, ಅಪ್ಪನ ಚೀಲಕ್ಕೆ?

ಕಳೆದ ಸುಗ್ಗಿಯಲ್ಲಿ ಬಂಧುಗಳೊಬ್ಬರ ಭತ್ತ ಮಾರುವ ನಿಮಿತ್ತ ಸಿಂಧನೂರಿನ ಗಂಜಿಗೆ ಹೋಗಿದ್ದೆ. ಲಾರಿಗೆ ಚೀಲ ತುಂಬುತ್ತಿದ್ದ ಹಮಾಲರಲ್ಲಿ ಒಬ್ಬ ನನ್ನನ್ನು ಗುರುತಿಸಿ ಹತ್ತಿರ ಬಂದ. ನನ್ನ ಹಳೆಯ ವಿದ್ಯಾರ್ಥಿ. ವಯಸ್ಸು ನಲವತ್ತೈದು ದಾಟಿರಲಿಕ್ಕಿಲ್ಲ. ಆದರೆ ನೆಟ್ಟಗೆ ನಿಂತು ನಮಸ್ಕರಿಸುವ ಮೊದಲು ಅವನು ಒಂದು ಕೈಯನ್ನು ಮೊಣಕಾಲಿಗೆ ಊರಬೇಕಾಯಿತು. "ಟೊಂಕಕ್ಕೆ ಏನಾಗಿದೆಯಪ್ಪಾ?" ಎಂದೆ. "ಏನಿಲ್ರಿ ಸರ್, ರೂಢಿ ಆಗ್ಯಾದ" ಎಂದು ನಕ್ಕ. ಪಕ್ಕದಲ್ಲಿದ್ದ ದಲಾಲಿ ಅಂಗಡಿಯ ಯಜಮಾನನೂ ನನ್ನ ಶಿಷ್ಯನೇ. ಅವನು ದನಿಗೂಡಿಸಿದ: "ಅವ್ರಿಗೇನೂ ಆಗಂಗಿಲ್ರಿ ಸರ್, ಸಣ್ಣಾವ್ರಿದ್ದಾಗಿಂದ ಹೊತ್ತಾರ."

ಈ 'ರೂಢಿ' ಎಂಬ ಮಾತಿನ ಮೇಲೆಯೇ ನನ್ನ ತಕರಾರು. ದುಡಿತದಿಂದ ಸ್ನಾಯು ಗಟ್ಟಿಯಾಗುತ್ತದೆ, ಒಪ್ಪುತ್ತೇನೆ. ಆದರೆ ಬೆನ್ನೆಲುಬಿನ ಮಣಿಗಳ ನಡುವಿನ ಮೆತ್ತೆಗೆ ರಕ್ತದ ಪೂರೈಕೆ ತೀರ ಕಡಿಮೆ. ಒಮ್ಮೆ ಸವೆದು ಸೀಳಿದರೆ ಅದು ಚರ್ಮದ ಗಾಯದಂತೆ ಮತ್ತೆ ಕೂಡಿಕೊಳ್ಳುವುದಿಲ್ಲ. ಇಪ್ಪತ್ತು ವರ್ಷ ಭಾರ ಹೊತ್ತವನ ಮೆತ್ತೆ ಇಪ್ಪತ್ತು ವರ್ಷ ಸವೆದಿರುತ್ತದೆ, ಅಷ್ಟೇ. ನಾವು ರೂಢಿ ಎನ್ನುವುದು ಬಹಳ ಮಟ್ಟಿಗೆ ನೋವನ್ನು ಹೇಳಿಕೊಳ್ಳದಿರುವ ರೂಢಿ.

ಭತ್ತದ ಚೀಲ ಎಂದರೆ ನಮ್ಮ ಸೀಮೆಯಲ್ಲಿ 75 ಕೆ.ಜಿ. ದರ ಹೇಳುವುದೂ ಅದರ ಲೆಕ್ಕದಲ್ಲಿ, ಎಕರೆಗೆ ಎಷ್ಟು ಬೆಳೆಯಿತೆನ್ನುವುದೂ ಅದರ ಲೆಕ್ಕದಲ್ಲಿ. ಹೊರುವವನ ಮೈತೂಕವೇ ಎಷ್ಟೋ ಸಲ ಅಷ್ಟಿರುವುದಿಲ್ಲ. ಇಬ್ಬರು ಎತ್ತಿ ಮೂರನೆಯವನ ಬೆನ್ನಿಗೆ ಹೊರಿಸುತ್ತಾರೆ. ಅವನು ಕತ್ತು ಮುಂದೆ ಚಾಚಿ, ನಡು ಬಾಗಿಸಿ, ಕಾಲಿಟ್ಟೊಡನೆ ಬಳುಕುವ ಹಲಗೆಯ ಮೇಲೆ ಲಾರಿ ಹತ್ತುತ್ತಾನೆ. ಜಾತ್ರೆಯಲ್ಲಿ ಇಂಥದೇ ಚೀಲವನ್ನು ಪೈಲ್ವಾನನೊಬ್ಬ ಎತ್ತಿದರೆ ನಾವು ಚಪ್ಪಾಳೆ ತಟ್ಟಿ ಬೆಳ್ಳಿಯ ಕಡೆ ತೊಡಿಸುತ್ತೇವೆ. ಗಂಜಿನಲ್ಲಿ ದಿನಕ್ಕೆ ಹತ್ತಾರು ಸಲ ಹೊರುವವನ ಕಡೆಗೆ ಯಾರೂ ತಿರುಗಿ ನೋಡುವುದಿಲ್ಲ.

1967ರಲ್ಲಿಯೇ ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆಯು ವಯಸ್ಕ ಗಂಡಸು ಹೊರುವ ಭಾರ 55 ಕೆ.ಜಿ.ಗಿಂತ ಹೆಚ್ಚಿದ್ದರೆ ಅದನ್ನು ಬೇಗನೆ ಆ ಮಟ್ಟಕ್ಕೆ ಇಳಿಸಬೇಕೆಂದು ಶಿಫಾರಸು ಮಾಡಿತು. ಅಮೆರಿಕದ ಔದ್ಯೋಗಿಕ ಆರೋಗ್ಯ ಸಂಸ್ಥೆಯು ಎಲ್ಲ ಅನುಕೂಲಗಳಿದ್ದಾಗಲೂ ಎರಡು ಕೈಗಳಿಂದ ಎತ್ತುವ ಭಾರಕ್ಕೆ 23 ಕೆ.ಜಿ.ಯ ಮಿತಿ ಹಾಕಿದೆ. ಅಮೆರಿಕದ ಮಾತು ನಮಗೇಕೆ ಎನ್ನುವವರಿಗೆ ನಮ್ಮದೇ 1948ರ ಕಾರ್ಖಾನೆ ಕಾಯ್ದೆಯ 34ನೆಯ ಕಲಮಿನಲ್ಲಿದ್ದ ಮಾತು ಇದು: ಗಾಯವಾಗಬಹುದಾದಷ್ಟು ಭಾರವನ್ನು ಯಾರಿಂದಲೂ ಎತ್ತಿಸಕೂಡದು, ಹೊರಿಸಕೂಡದು.

ಇನ್ನು ನಮ್ಮ ಶಾಲೆಗಳ ಕಡೆಗೆ ನೋಡಿ. 2019ರಲ್ಲಿ ಕರ್ನಾಟಕ ಸರಕಾರ ಮಕ್ಕಳ ಪಾಟಿಚೀಲದ ತೂಕ ನಿಗದಿ ಮಾಡಿತು. ಒಂದು, ಎರಡನೆಯ ತರಗತಿಗೆ ಒಂದೂವರೆಯಿಂದ ಎರಡು ಕೆ.ಜಿ.; ಒಂಬತ್ತು, ಹತ್ತಕ್ಕೆ ನಾಲ್ಕರಿಂದ ಐದು. ಮಗುವಿನ ಮೈತೂಕದ ಹತ್ತನೆಯ ಒಂದು ಭಾಗಕ್ಕಿಂತ ಹೆಚ್ಚಿರಬಾರದೆಂಬುದು ಇದರ ಹಿಂದಿನ ತತ್ತ್ವ. ಬಹಳ ಒಳ್ಳೆಯ ಆದೇಶ. ಮಾಸ್ತರನಾಗಿ ನಾನದನ್ನು ಮನಸಾರೆ ಮೆಚ್ಚಿದೆ. ಆದರೆ ಆ ಮಗುವಿನ ಶುಲ್ಕ ಕಟ್ಟುವ ಅಪ್ಪ ತನ್ನ ಮೈತೂಕಕ್ಕಿಂತ ಹೆಚ್ಚಿನ ಚೀಲ ಹೊತ್ತೇ ಶುಲ್ಕ ಹೊಂದಿಸುತ್ತಾನೆ!

ನನ್ನ ತಪ್ಪನ್ನೂ ಇಲ್ಲಿ ಬರೆಯಬೇಕು. 'ಕಾಲ ಮತ್ತು ಕೆಲಸ'ದ ಲೆಕ್ಕ ನಿಮಗೆಲ್ಲ ನೆನಪಿರಬಹುದು. ನಾಲ್ಕು ಆಳುಗಳು ಆರು ಗಂಟೆಯಲ್ಲಿ ಇಷ್ಟು ಚೀಲ ಹೊತ್ತರೆ ಎಂಟು ಆಳುಗಳು ಎಷ್ಟು ಗಂಟೆಯಲ್ಲಿ? ಒಮ್ಮೆ ಈ ಲೆಕ್ಕ ಬರೆಸುವಾಗ ಹಿಂದಿನ ಸಾಲಿನ ಹುಡುಗನೊಬ್ಬ ಎದ್ದು, "ಸರ್, ನಡುವ ಒಬ್ಬಂಗ ಟೊಂಕ ಹಿಡದ್ರ?" ಎಂದು ಕೇಳಿದ. ತರಗತಿ ಗೊಳ್ಳೆಂದು ನಕ್ಕಿತು. ನಾನೂ ನಕ್ಕು, "ಕುಳಿತುಕೋ, ಅಧಿಕಪ್ರಸಂಗ ಬೇಡ" ಎಂದೆ. ಅವನ ತಂದೆ ಹಮಾಲ ಎಂಬುದು ನನಗೆ ಗೊತ್ತಾದದ್ದು ಆಮೇಲೆ. ಆ ಲೆಕ್ಕವನ್ನು ಅದೇ ರೀತಿ ಇನ್ನೂ ಎಷ್ಟೋ ವರ್ಷ ಕಲಿಸಿದೆ.

ಮಸ್ಕಿಯ ಮಾಸ್ತರ ಅಶೋಕನನ್ನು ಕರೆತರದೆ ಬರಹ ಮುಗಿಸುವುದಿಲ್ಲವೆಂದು ನೀವು ಹಾಸ್ಯ ಮಾಡುತ್ತೀರಿ. ಮಾಡಿ. ಅಶೋಕನ ಹೆಸರಿರುವ ನಮ್ಮೂರ ಶಾಸನವನ್ನು 1915ರಲ್ಲಿ ಕಂಡುಹಿಡಿದವರು ಚಿನ್ನದ ಗಣಿಯ ಎಂಜಿನಿಯರ್ ಬೀಡನ್. ಆ ಚಿನ್ನದ ಸೀಮೆಯಲ್ಲಿ, ಲಿಂಗಸುಗೂರು ತಾಲ್ಲೂಕಿನ ಹಟ್ಟಿಯಲ್ಲಿ, ಇಂದಿಗೂ ನೆಲದಾಳದಿಂದ ಅದಿರನ್ನು ಯಂತ್ರ ಕಟ್ಟಿ ಮೇಲಕ್ಕೆತ್ತುತ್ತಾರೆ. ಗಣಿಯ ದುಡಿಮೆ ಸುಖದ್ದೆಂದಲ್ಲ. ಕೊರೆಯುವ ಯಂತ್ರದ ಅದುರು, ಸದ್ದು, ಸೆಕೆ ಎಲ್ಲವೂ ಅಲ್ಲಿವೆ. ಆದರೂ ಪಾತಾಳದಿಂದ ಕಲ್ಲನ್ನು ಮನುಷ್ಯನ ಬೆನ್ನ ಮೇಲೆ ತರುವುದು ಅಸಾಧ್ಯವೆಂದು ಅಲ್ಲಿ ಒಪ್ಪಿ ಬಹಳ ಕಾಲವಾಯಿತು. ಸಿಂಧನೂರಿನಲ್ಲಿ ಎತ್ತಬೇಕಾದದ್ದು ನೆಲದಿಂದ ಲಾರಿಯ ಹಲಗೆಯವರೆಗೆ, ನಾಲ್ಕೈದು ಅಡಿ ಮಾತ್ರ. ಆ ಮಟ್ಟಕ್ಕೆ ಒಂದು ಕಟ್ಟೆ, ಅದರ ಮೇಲೆ ಎರಡು ಗಾಲಿಯ ಕೈಗಾಡಿ ಇದ್ದರೆ ಹತ್ತುವ ಪ್ರಮೇಯವೇ ಬಾರದು. ದುಡಿಯುವವನ ಮೈಗೆ ಉಪಕರಣವನ್ನು ಹೊಂದಿಸುವ ಈ ವಿದ್ಯೆಗೆ ಎರ್ಗೊನಾಮಿಕ್ಸ್ ಎನ್ನುತ್ತಾರೆ. ಬೆಂಗಳೂರಿನ ಕಚೇರಿಗಳಲ್ಲಿರುವ ನಮ್ಮ ಹುಡುಗರು ಬೆನ್ನಿಗೆ ಒರಗುವ, ಎತ್ತರ ತಗ್ಗಿಸುವ ಕುರ್ಚಿಗಳಲ್ಲಿ ಕುಳಿತು ಅದರ ಪ್ರಯೋಜನ ಪಡೆಯುತ್ತಿದ್ದಾರೆ. ಸಂತೋಷ. ಆ ವಿದ್ಯೆ ಗಂಜಿನ ಬಾಗಿಲಿಗೆ ಬಂದಿಲ್ಲ.

ಚೀಲದ ಅಳತೆ ಬದಲಿಸುವುದು ಆಗದ ಮಾತೆಂದು ನನ್ನ ವ್ಯಾಪಾರಿ ಶಿಷ್ಯ ವಾದಿಸಿದ. ಅವನಿಗೆ 2022ರ ಜುಲೈ ನೆನಪು ಮಾಡಿಕೊಟ್ಟೆ. ಮುದ್ರೆಯೊತ್ತಿದ 25 ಕೆ.ಜಿ.ವರೆಗಿನ ಅಕ್ಕಿ ಚೀಲಕ್ಕೆ ಶೇ. 5 ಜಿಎಸ್‌ಟಿ ಬಂದದ್ದೇ ತಡ, ಅಂಗಡಿಗಳಲ್ಲಿ 26 ಕೆ.ಜಿ.ಯ ಚೀಲ ಪ್ರತ್ಯಕ್ಷವಾಯಿತು! ತೆರಿಗೆ ಉಳಿಸುವುದಕ್ಕೆ ಕೆಲವೇ ವಾರಗಳಲ್ಲಿ ಬದಲಾದ ಅಳತೆ, ಬೆನ್ನು ಉಳಿಸುವುದಕ್ಕೆ ಬದಲಾಗದೆಂದರೆ ಹೇಗೆ ನಂಬಲಿ? ಸಿಮೆಂಟು 50 ಕೆ.ಜಿ.ಯಲ್ಲಿ ಬರುತ್ತದೆ, ಪಡಿತರದ ಅಕ್ಕಿಯೂ 50ರಲ್ಲಿ ಬರುತ್ತದೆ. ಭತ್ತಕ್ಕೆ ಮಾತ್ರ 75 ಏಕೆ?

ಹಮಾಲರ ಭಯ ಬೇರೆ, ಅದನ್ನು ಹಗುರವಾಗಿ ಕಾಣಲಾರೆ. ಕೂಲಿ ಚೀಲದ ಲೆಕ್ಕದಲ್ಲಿದೆ. ಚೀಲ ಸಣ್ಣದಾದರೆ ದರವನ್ನೂ ಇಳಿಸುತ್ತಾರೆ, ಹೊರುವ ಸರದಿ ಮಾತ್ರ ಹೆಚ್ಚುತ್ತದೆ ಎಂಬುದು ಅವರ ಅಂಜಿಕೆ. 75 ಕ್ವಿಂಟಲ್ ಭತ್ತ ಇಂದು ನೂರು ಚೀಲ, 50 ಕೆ.ಜಿ.ಯಾದರೆ ನೂರೈವತ್ತು. ಹೊರುವ ಸರದಿ ಒಂದೂವರೆ ಪಟ್ಟಾಗುತ್ತದೆ, ನಿಜ. ಆದುದರಿಂದ ಕೂಲಿಯನ್ನು ಕ್ವಿಂಟಲಿಗೆ ನಿಗದಿ ಮಾಡಿ, ಹೆಚ್ಚಿದ ನಡಿಗೆಗೂ ಸೇರಿಸಿ ಕೊಡಬೇಕು. ಆ ಹೆಚ್ಚುವರಿಯನ್ನು ರೈತನ ಪಟ್ಟಿಯಲ್ಲಿ ಹಿಡಿಯದೆ ಖರೀದಿದಾರನೇ ಭರಿಸಬೇಕು. ಯಂತ್ರ ತಂದು ಅವರ ಕೆಲಸವನ್ನೇ ಕಿತ್ತುಕೊಳ್ಳಿರೆಂದು ನಾನು ಹೇಳುತ್ತಿಲ್ಲ.

ನಿಮ್ಮಲ್ಲಿ ಮಿಲ್ಲು ನಡೆಸುವವರಿದ್ದೀರಿ, ಅಡತಿ ಇರುವವರಿದ್ದೀರಿ, ಸರಕಾರಿ ಹುದ್ದೆಯಲ್ಲಿರುವವರೂ ಇದ್ದೀರಿ. ಮುಂಗಾರಿನ ಭತ್ತ ನವೆಂಬರಿನಲ್ಲಿ ಗಂಜಿಗೆ ಬರತೊಡಗುತ್ತದೆ. ಯಾರಾದರೂ ಒಬ್ಬರು, ಒಂದೇ ಸುಗ್ಗಿಯ ಮಟ್ಟಿಗೆ, 50 ಕೆ.ಜಿ.ಯ ಚೀಲದಲ್ಲಿ ತುಂಬಿಸಿ ಕ್ವಿಂಟಲಿನ ಲೆಕ್ಕದಲ್ಲಿ ಕೂಲಿ ಕೊಟ್ಟು ನೋಡಿ. ಮಾಡುವವರು ತಿಳಿಸಿದರೆ ಮಸ್ಕಿಯಿಂದ ಬೆಳಗಿನ ಬಸ್ಸಿಗೇ ಬರುತ್ತೇನೆ.